ಟಾಕಿಯಲ್ಲಿ ಎಷ್ಟು ಲೀಟರ್, ಎಷ್ಟು ಭಾರ: ಲೆಕ್ಕ ಹಾಕುವ ಬಗೆ

ನಳದ ನೀರಿಗಾಗಿ ದಿನಗಟ್ಟಲೆ ಕಾಯಬೇಕಾದ ಹುಬ್ಬಳ್ಳಿ-ಧಾರವಾಡದ ಬಡಾವಣೆಗಳಲ್ಲಿ ನೆಲದೊಳಗೊಂದು ಟಾಕಿ, ಮಾಳಿಗೆಯ ಮೇಲೊಂದು ಸಿಂಟೆಕ್ಸ್ ಇರುವುದು ಸಾಮಾನ್ಯ. ಗೌಂಡಿಗಳು ಅಳತೆಯನ್ನು ಅಡಿಯಲ್ಲಿ ಹೇಳುತ್ತಾರೆ, ಟ್ಯಾಂಕರಿನವರು ನೀರನ್ನು ಲೀಟರಿನಲ್ಲಿ ಮಾರುತ್ತಾರೆ, ಮಾಳಿಗೆ ತಡೆಯುತ್ತದೆಯೇ ಎಂದು ನೋಡುವ ಎಂಜಿನಿಯರರಿಗೆ ಕಿಲೋ ಬೇಕು. ಈ ಮೂರನ್ನೂ ಜೋಡಿಸುವ ಸಂಖ್ಯೆ ಒಂದೇ: ಒಂದು ಘನ ಅಡಿಗೆ 28.32 ಲೀಟರ್. ಒಂದು ಅಡಿ 30.48 ಸೆಂ.ಮೀ. ಆದ್ದರಿಂದ ಅದನ್ನು ಮೂರು ಸಲ ಗುಣಿಸಿದಾಗ 28,317 ಘನ ಸೆಂ.ಮೀ. ಬರುತ್ತದೆ, ಒಮ್ಮೆ ಮಾತ್ರ ಗುಣಿಸಿ ಬಿಟ್ಟರೆ ಉತ್ತರಕ್ಕೆ ಅರ್ಥವೇ ಇರುವುದಿಲ್ಲ.

ಆಯತಾಕಾರದ ಟಾಕಿಯ ಉದ್ದ, ಅಗಲಗಳನ್ನು ಒಳಗಿನಿಂದ ಅಳೆಯಬೇಕು. ಆಳವನ್ನು ಗೋಡೆಯ ತುದಿಯವರೆಗೆ ಅಲ್ಲ, ನೀರು ನಿಲ್ಲುವ ಮಟ್ಟದವರೆಗೆ ಹಿಡಿಯಬೇಕು. 6 ಅಡಿ ಉದ್ದ, 5 ಅಡಿ ಅಗಲ, 4 ಅಡಿ 9 ಇಂಚು ಆಳದ ನೀರಿದೆ ಎನ್ನೋಣ. 9 ಇಂಚು ಎಂದರೆ 0.9 ಅಡಿಯಲ್ಲ, 0.75 ಅಡಿ. 6 × 5 × 4.75 = 142.5 ಘನ ಅಡಿ, 28.32ರಿಂದ ಗುಣಿಸಿದರೆ ಸುಮಾರು 4,035 ಲೀಟರ್. ಆಳವನ್ನು 4.9 ಎಂದು ಬರೆದುಕೊಂಡವರ ಲೆಕ್ಕದಲ್ಲಿ ಎಂಟು-ಹತ್ತು ಕೊಡ ಇಲ್ಲದ ನೀರು ಸೇರಿಕೊಳ್ಳುತ್ತದೆ.

ದುಂಡನೆಯ ಬ್ಯಾರಲ್ಲಿಗೆ ಸುತ್ತ ಟೇಪು ಹಿಡಿಯುವುದೇ ಸುಲಭ. ಸುತ್ತಳತೆಯನ್ನು ಅದರಿಂದಲೇ ಗುಣಿಸಿ 12.57ರಿಂದ ಭಾಗಿಸಿದರೆ ತಳದ ವಿಸ್ತೀರ್ಣ ಸಿಗುತ್ತದೆ. ಸೆಂ.ಮೀ.ನಲ್ಲಿ ಅಳೆದಿದ್ದರೆ ಅದನ್ನು ಎತ್ತರದಿಂದ ಗುಣಿಸಿ ಸಾವಿರದಿಂದ ಭಾಗಿಸಿದರೆ ಲೀಟರ್ ಬರುತ್ತದೆ. ಸುತ್ತಳತೆ 180, ಎತ್ತರ 85 ಸೆಂ.ಮೀ. ಇದ್ದರೆ ಸುಮಾರು 219 ಲೀಟರ್.

ಭಾರದ ಲೆಕ್ಕಕ್ಕೆ ಲೀಟರಿಗೆ ಒಂದು ಕಿಲೋ ಹಿಡಿದರೆ ಸಾಕು. ಇದು 4 ಡಿಗ್ರಿ ಸೆಲ್ಸಿಯಸ್‌ನ ಮಾತು. 30 ಡಿಗ್ರಿಯಲ್ಲಿ ಲೀಟರ್ ನೀರು ಸುಮಾರು 996 ಗ್ರಾಂ ತೂಗುತ್ತದೆ, ಮನೆಯ ಲೆಕ್ಕಕ್ಕೆ ಆ ನಾಲ್ಕು ಗ್ರಾಂ ಬೇಡ. ಸಾವಿರ ಲೀಟರಿನ ಸಿಂಟೆಕ್ಸ್ ತುಂಬಿದಾಗ ಮಾಳಿಗೆಯ ಮೇಲೆ ಹತ್ತು ಕ್ವಿಂಟಲ್ ಏರಿ ಕುಳಿತಿರುತ್ತದೆ, ಟಾಕಿಯ ಸ್ವಂತ ತೂಕ ಬೇರೆ. ನಾಲ್ಕು ಅಡಿ ನೀರು ನಿಂತರೆ ತಳದ ಪ್ರತಿ ಚದರ ಅಡಿಗೆ 113 ಕಿಲೋ ಬೀಳುತ್ತದೆ, ಟಾಕಿ ಎಷ್ಟೇ ಅಗಲವಿರಲಿ. ಆದ್ದರಿಂದ ಅಷ್ಟೇ ಲೀಟರಿನ ಎರಡು ಟಾಕಿಗಳಲ್ಲಿ ಗಿಡ್ಡನೆಯ, ಅಗಲವಾದುದನ್ನು ಆರಿಸುವುದು ಮೇಲು.

ಗದಗ, ಹಾವೇರಿಯ ಹೊಲಗಳಲ್ಲಿ ಕಾಣುವ ಕೃಷಿ ಹೊಂಡಕ್ಕೆ ಮೀಟರಿನ ಲೆಕ್ಕವೇ ಅನುಕೂಲ, ಏಕೆಂದರೆ ಒಂದು ಘನ ಮೀಟರಿಗೆ ಸರಿಯಾಗಿ ಸಾವಿರ ಲೀಟರ್. ಆದರೆ ಹೊಂಡದ ಬದಿಗಳು ಇಳಿಜಾರಾಗಿರುತ್ತವೆ. ಬಾಯಿ 12 ಮೀಟರ್ ಚೌಕ, ಆಳ 3 ಮೀಟರ್, ತಳ 6 ಮೀಟರ್ ಚೌಕವಿದ್ದರೆ ನಡುಮಟ್ಟದಲ್ಲಿ 9 ಮೀಟರ್ ಚೌಕವಿರುತ್ತದೆ. ಬಾಯಿಯ 144, ನಡುವಿನ 81ರ ನಾಲ್ಕು ಪಟ್ಟು, ತಳದ 36 ಕೂಡಿದರೆ 504. ಅದನ್ನು ಆಳದಿಂದ ಗುಣಿಸಿ ಆರರಿಂದ ಭಾಗಿಸಿದರೆ 252 ಘನ ಮೀಟರ್, ಅಂದರೆ 2,52,000 ಲೀಟರ್, 252 ಟನ್. 12 × 12 × 3 ಎಂದು ಗುಣಿಸಿ 432 ಎನ್ನುವವರೂ ಇದ್ದಾರೆ. ಆ ನೀರು ಹೊಂಡದಲ್ಲಿ ಹಿಡಿಯುವುದಿಲ್ಲ.

ಮಳೆಯನ್ನೂ ಹೀಗೆಯೇ ಅಳೆಯಬಹುದು. ಒಂದು ಚದರ ಮೀಟರಿನ ಮೇಲೆ ಒಂದು ಮಿ.ಮೀ. ಮಳೆ ಬಿದ್ದರೆ ಒಂದು ಲೀಟರ್. ಎಕರೆಗೆ 4,047 ಚದರ ಮೀಟರ್ ಆದ್ದರಿಂದ 25 ಮಿ.ಮೀ. ಮಳೆಗೆ ಸುಮಾರು ಒಂದು ಲಕ್ಷ ಲೀಟರ್. ಅದರಲ್ಲಿ ಕಾಲು ಭಾಗ ಹರಿದು ಬರುತ್ತದೆಂದು ಇಟ್ಟುಕೊಂಡರೆ, ಈ ಹೊಂಡ ಅಂಥ ಒಂದೇ ಮಳೆಗೆ ತುಂಬಲು ಹತ್ತು ಎಕರೆಯ ನೀರು ಬೇಕಾಗುತ್ತದೆ.