ಲೆಕ್ಕಕ್ಕೆ ಬಾರದ ಏಳು ವರ್ಷ: ಶಾಂಕ್ಲಿ ಬಗ್ಗೆ ಬರೆದ ನನ್ನ ಅನುಭವ

ಹಳೆಯ ಫುಟ್‌ಬಾಲ್ ಆಟಗಾರರ ಬಗ್ಗೆ ಕನ್ನಡದಲ್ಲಿ ಬರೆಯುವುದು ನನ್ನ ಹವ್ಯಾಸ. ಬಿಲ್ ಶಾಂಕ್ಲಿ ಅಂದರೆ ಹೆಚ್ಚಿನವರಿಗೆ ನೆನಪಾಗುವುದು ಲಿವರ್‌ಪೂಲ್ ಮ್ಯಾನೇಜರ್. ನನಗೆ ಬೇಕಿದ್ದದ್ದು ಅದಕ್ಕೂ ಮೊದಲಿನ ಶಾಂಕ್ಲಿ, ಪ್ರೆಸ್ಟನ್ ನಾರ್ತ್ ಎಂಡ್ ತಂಡದ ರೈಟ್ ಹಾಫ್, ಅಂದರೆ ಮೈದಾನದ ಮಧ್ಯಭಾಗದಲ್ಲಿ ಬಲಗಡೆ ಆಡುವವರು.

ಶುರುವಿನ ಭಾಗ ಸಲೀಸು. ಹುಟ್ಟಿದ್ದು 1913ರಲ್ಲಿ, ಸ್ಕಾಟ್ಲೆಂಡಿನ ಗ್ಲೆನ್‌ಬಕ್ ಎಂಬ ಕಲ್ಲಿದ್ದಲು ಗಣಿಯ ಹಳ್ಳಿಯಲ್ಲಿ. ಐವರು ಅಣ್ಣತಮ್ಮಂದಿರು, ಐವರೂ ವೃತ್ತಿಪರ ಆಟಗಾರರು! ಗಣಿ ಕೆಲಸ ಮಾಡಿ, 1932ರಲ್ಲಿ ಕಾರ್ಲೈಲ್ ಕ್ಲಬ್ ಸೇರಿ, ಮರುವರ್ಷ 500 ಪೌಂಡಿಗೆ ಪ್ರೆಸ್ಟನ್‌ಗೆ ಬಂದರು. 1938ರ ಏಪ್ರಿಲ್ ತಿಂಗಳೊಂದರಲ್ಲೇ ಲಂಡನ್ನಿನ ವೆಂಬ್ಲಿ ಮೈದಾನದಲ್ಲಿ ಎರಡು ಗೆಲುವು. ಮೊದಲು ಸ್ಕಾಟ್ಲೆಂಡ್ ಪರ ಇಂಗ್ಲೆಂಡ್ ವಿರುದ್ಧ, ಆಮೇಲೆ ಪ್ರೆಸ್ಟನ್ ಪರ ಇಂಗ್ಲೆಂಡಿನ ನಾಕೌಟ್ ಟೂರ್ನಿ ಎಫ್‌ಎ ಕಪ್ ಫೈನಲ್.

ಇದಾದ ಮೇಲೆ ಅಂಕಿಅಂಶದ ಪಟ್ಟಿಯಲ್ಲಿ 1939ರಿಂದ 1946ರವರೆಗೆ ಹೆಚ್ಚುಕಡಿಮೆ ಏನೂ ಇಲ್ಲ. 1939ರ ಸೆಪ್ಟೆಂಬರ್ 2, ಶಾಂಕ್ಲಿಗೆ 26 ತುಂಬಿದ ದಿನ. ಲೀಗ್ ಪಂದ್ಯಗಳು ನಡೆದ ಕೊನೆಯ ದಿನವೂ ಅದೇ. ಮಾರನೇ ದಿನ ಬ್ರಿಟನ್ ಯುದ್ಧ ಸಾರಿತು. ಅಷ್ಟರಲ್ಲಿ ಆಡಿದ್ದ ಮೂರು ಸುತ್ತಿನ ಪಂದ್ಯಗಳನ್ನೂ ದಾಖಲೆಯಿಂದ ತೆಗೆದುಹಾಕಿದರು. ಹಾಗಂತ ಆಟ ನಿಲ್ಲಲಿಲ್ಲ. ಪ್ರಾದೇಶಿಕ ಲೀಗ್‌ಗಳು ಶುರುವಾದವು, ಆದರೆ ಯುದ್ಧಕಾಲದ ಪಂದ್ಯಗಳು ಅಧಿಕೃತ ಲೆಕ್ಕಕ್ಕೆ ಬರುವುದಿಲ್ಲ. ನಮ್ಮೂರ ಟೂರ್ನಮೆಂಟಿಗೆ ಪಕ್ಕದೂರಿನ ಹುಡುಗನನ್ನು ಕರೆಸಿ ಆಡಿಸುವ ಹಾಗೆ, ಹತ್ತಿರದ ಸೇನಾ ಶಿಬಿರದಲ್ಲಿದ್ದ ಆಟಗಾರರನ್ನು ಕ್ಲಬ್‌ಗಳು ಅತಿಥಿಗಳಾಗಿ ಕರೆಸಿಕೊಳ್ಳುತ್ತಿದ್ದವು.

ಹಾಗಾಗಿ ನಾನು ಕ್ಲಬ್‌ಗಳನ್ನು ಬಿಟ್ಟು ವಾಯುಪಡೆಯ ವರ್ಗಾವಣೆಗಳ ಹಿಂದೆ ಹೋದೆ. ಶಾಂಕ್ಲಿ ಇದ್ದದ್ದು ರಾಯಲ್ ಏರ್ ಫೋರ್ಸ್‌ನಲ್ಲಿ. ಗ್ರೇಟ್ ಯಾರ್ಮತ್‌ನಲ್ಲಿದ್ದಾಗ ನಾರ್ವಿಚ್ ಪರ ಆಟ, ಗ್ಲಾಸ್ಗೊ ಪಕ್ಕದ ಬಿಷಪ್‌ಬ್ರಿಗ್ಸ್‌ಗೆ ಹೋದಾಗ ಪಾರ್ಟಿಕ್ ಥಿಸಲ್ ಪರ. 1942ರ ಮೇ ತಿಂಗಳಲ್ಲಿ ಲಿವರ್‌ಪೂಲ್‌ಗೂ ಒಂದೇ ಒಂದು ಪಂದ್ಯ ಆಡಿದ್ದಾರೆ. ಎವರ್ಟನ್ ವಿರುದ್ಧ 4-1 ಗೆಲುವು!

ಕಷ್ಟ ಇರುವುದು ಪತ್ರಿಕೆಗಳಲ್ಲಿ. ಕಾಗದದ ಕೊರತೆಯಿಂದ ಆಗಿನ ಬ್ರಿಟಿಷ್ ಪತ್ರಿಕೆಗಳಿಗೆ ನಾಲ್ಕೇ ಪುಟ. ಪಂದ್ಯದ ವರದಿ ಅಂದರೆ ಮೂರು ಸಾಲು. ತಂಡದ ಪಟ್ಟಿಯಲ್ಲಿ ಹೆಸರಿನ ಜಾಗದಲ್ಲಿ ಒಮ್ಮೊಮ್ಮೆ ‘ಎ. ಎನ್. ಅದರ್’ ಅಂತ ಇರುತ್ತದೆ. ಆ ಹೆಸರಿನವರು ಯಾರೂ ಇಲ್ಲ. ಯಾರು ಬರುತ್ತಾರೋ ಇನ್ನೂ ಗೊತ್ತಾಗಿಲ್ಲ ಅಂತ ಅರ್ಥ, ಅಷ್ಟೇ. ಅಂಥ ಕಡೆ ಶಾಂಕ್ಲಿ ಇದ್ದಿರಬಹುದು ಅಂತ ಸುಮ್ನೆ ಊಹೆ ಮಾಡಿ ಸೇರಿಸಲಿಲ್ಲ. ಪಂದ್ಯದ ನಂತರದ ವರದಿಯಲ್ಲಿ ಹೆಸರು ಸಿಕ್ಕರೆ ಮಾತ್ರ ತೆಗೆದುಕೊಂಡೆ.

ಬರೆಯುವಾಗ ಎರಡು ಬೇರೆ ಕೋಷ್ಟಕ ಮಾಡಿದೆ. ಅಧಿಕೃತ ಅಂತರರಾಷ್ಟ್ರೀಯ ಪಂದ್ಯ 5, ಯುದ್ಧಕಾಲದ್ದು 7. ಕೂಡಿಸಿ 12 ಅಂತ ಬರೆಯುವವರೂ ಇದ್ದಾರೆ. ನನಗೆ ಅದು ಸರಿ ಕಾಣಲ್ಲ. ಆದರೆ ಆ ಏಳನ್ನು ಪೂರ್ತಿ ಬಿಡುವುದು ಅದಕ್ಕಿಂತ ದೊಡ್ಡ ಅನ್ಯಾಯ ಅಲ್ವಾ? 1942ರ ಏಪ್ರಿಲ್‌ನಲ್ಲಿ ಹ್ಯಾಂಪ್ಡನ್ ಪಾರ್ಕ್‌ನಲ್ಲಿ ಸ್ಕಾಟ್ಲೆಂಡ್ ಇಂಗ್ಲೆಂಡನ್ನು 5-4ರಿಂದ ಸೋಲಿಸಿತು. ಐದರಲ್ಲಿ ಒಂದು ಗೋಲು ಶಾಂಕ್ಲಿಯದು. ಅಧಿಕೃತ ಪಟ್ಟಿ ನೋಡಿದರೆ ದೇಶಕ್ಕಾಗಿ ಅವರ ಗೋಲು ಸೊನ್ನೆ!

1941ರ ಯುದ್ಧಕಾಲದ ಕಪ್‌ಗೂ ಇದೇ ಗತಿ. ವೆಂಬ್ಲಿಯಲ್ಲಿ ನಡೆದ ಫೈನಲ್‌ನಲ್ಲಿ ಪ್ರೆಸ್ಟನ್ ಆರ್ಸೆನಲ್ ಜೊತೆ 1-1 ಡ್ರಾ. ಬ್ಲ್ಯಾಕ್‌ಬರ್ನ್‌ನಲ್ಲಿ ಮರುಪಂದ್ಯ, ಪ್ರೆಸ್ಟನ್‌ಗೆ 2-1 ಜಯ, ಎರಡೂ ಗೋಲು ರಾಬರ್ಟ್ ಬೀಟಿಯದು. ಇದನ್ನು ನಾನು ಅಡಿಟಿಪ್ಪಣಿಗೆ ತಳ್ಳದೆ ಒಂದಿಡೀ ಪ್ಯಾರಾ ಬರೆದೆ.

1946ರಲ್ಲಿ ಲೀಗ್ ಮತ್ತೆ ಶುರುವಾದಾಗ ಶಾಂಕ್ಲಿಗೆ 33 ಆಗುತ್ತಾ ಬಂದಿತ್ತು. 1949ರಲ್ಲಿ ಆಟ ಬಿಟ್ಟು ಕಾರ್ಲೈಲ್‌ಗೆ ಮ್ಯಾನೇಜರ್ ಆಗಿ ಹೋದರು. ಈಗ ಅವರ ಜೊತೆಗಾರ ಟಾಮ್ ಫಿನ್ನಿ ಬಗ್ಗೆ ಬರೆಯುತ್ತಿದ್ದೇನೆ. ಅಲ್ಲೂ ಎರಡು ಕೋಷ್ಟಕ ಬೇಕೇ ಬೇಕು. 1941ರ ಫೈನಲ್ ಆಡಿದಾಗ ಫಿನ್ನಿಗೆ 19 ವರ್ಷ, ಲೀಗ್ ದಾಖಲೆಯಲ್ಲಿ ಅವರ ಮೊದಲ ಪಂದ್ಯ ಇರುವುದು 1946ರಲ್ಲಿ.