ಕಪ್ಪು ಒಂದಕ್ಕೆ ಇಳಿಸಿದ ಗಿಟಾರ್: ನನ್ನ ಅನುಭವ

ಬೆಳಗಾವಿ, ವಿಜಯಪುರದ ಕಡೆ ಭಜನೆಯಲ್ಲಿ ಪಳಗಿದ ಗಂಡಸರ ದನಿ ಹೆಚ್ಚಾಗಿ ಹಾರ್ಮೋನಿಯಂನ ಕಪ್ಪು ಒಂದರಲ್ಲಿ, ಅಂದರೆ ಮೊದಲ ಕಪ್ಪು ಮನೆಯನ್ನು ಷಡ್ಜ (ಸಾ) ಮಾಡಿಕೊಂಡು, ಕೂತಿರುತ್ತದೆ. ಕೆಲವರು ಕಾಳಿ ಒಂದು ಅನ್ನುತ್ತಾರೆ. ಗಿಟಾರಿನವರ ಭಾಷೆಯಲ್ಲಿ ಅದು ಸಿ ಶಾರ್ಪ್. ಅಂಥ ದನಿಯವರು ರಾಕ್ ಹಾಡಲು ಹೊರಟು ಗಿಟಾರಿನ ಮಾಮೂಲಿ ಇ-ಎ-ಡಿ-ಜಿ-ಬಿ-ಇ ಶ್ರುತಿಯಲ್ಲೇ ಇ ಕಾರ್ಡ್ ಹಿಡಿದರೆ ಷಡ್ಜ ಮೂರು ಮನೆ (ಹಾರ್ಮೋನಿಯಂನಲ್ಲಿ ಕಪ್ಪು-ಬಿಳಿ ಕೀ, ಗಿಟಾರಿನಲ್ಲಿ ಫ್ರೆಟ್ ಎಂಬ ಲೋಹದ ಪಟ್ಟಿಗಳ ನಡುವಿನ ಜಾಗ) ಮೇಲಕ್ಕೆ ಹೋಗುತ್ತದೆ. ಪಲ್ಲವಿ ತಾರ ಷಡ್ಜ (ಮೇಲಿನ ಸಾ) ದಾಟಿತೋ, ಕಿರುಚಾಟ ಶುರು.

ನಾನು ದನಿಯ ತಂಟೆಗೆ ಹೋಗದೆ ಗಿಟಾರನ್ನೇ ಇಳಿಸುತ್ತೇನೆ. ಆರೂ ತಂತಿ ಅರ್ಧ ಸ್ವರ ಕೆಳಗೆ, ದಪ್ಪ ತಂತಿ ಮಾತ್ರ ಇನ್ನೂ ಒಂದು ಪೂರ್ಣ ಸ್ವರ ಕೆಳಗೆ. ದಪ್ಪದಿಂದ ತೆಳುವಿಗೆ: ಸಿ ಶಾರ್ಪ್, ಜಿ ಶಾರ್ಪ್, ಸಿ ಶಾರ್ಪ್, ಎಫ್ ಶಾರ್ಪ್, ಎ ಶಾರ್ಪ್, ಡಿ ಶಾರ್ಪ್. ಹಾರ್ಮೋನಿಯಂ ಮೇಲೆ ನೋಡಿದರೆ ಕಪ್ಪು 1, 4, 1, 3, 5, 2. ಬಿಳಿ ಮನೆ ಒಂದೂ ಇಲ್ಲ! ದಪ್ಪ ಮೂರು ತಂತಿಯನ್ನು ಎಲ್ಲೂ ಒತ್ತದೆ ಮೀಟಿದರೆ ಸಾ-ಪಾ-ಸಾ, ತಂಬೂರಿ ಹಿಡಿದಂತೆಯೇ. ಕಪ್ಪು ನಾಲ್ಕರಲ್ಲಿ ಹಾಡುವ ಹೆಣ್ಣುಮಗಳು ಜೊತೆಗಿದ್ದರೆ ಐದನೇ ತಂತಿಯನ್ನೇ (ದಪ್ಪದಿಂದ ಎರಡನೆಯದು) ಷಡ್ಜ ಮಾಡಿಕೊಂಡರೆ ಸಾಕು, ಕೇಪೋ (ಶ್ರುತಿ ಏರಿಸಲು ಕತ್ತಿಗೆ ಹಾಕುವ ಕ್ಲಿಪ್) ಬೇಡ.

ಇಳಿಸಿದ್ದಕ್ಕೆ ದಂಡ ಕಟ್ಟಬೇಕಾದದ್ದು ತಂತಿಯಲ್ಲಿ. ಮೀಟುವ ತಂತಿಯ ಉದ್ದ 25.5 ಇಂಚು ಇರುವ ಗಿಟಾರಿಗೆ 10-46 ಸೆಟ್ಟು (ತೆಳು ಮತ್ತು ದಪ್ಪ ತಂತಿಯ ದಪ್ಪ, ಇಂಚಿನ ಸಾವಿರದ ಭಾಗದಲ್ಲಿ) ಸಡಿಲ ಬೀಳುತ್ತದೆ. ದಪ್ಪ ತಂತಿಯನ್ನು ಜೋರಾಗಿ ಹೊಡೆದರೆ ಶ್ರುತಿ ಒಂದು ಕ್ಷಣ ಮೇಲೆದ್ದು ಆಮೇಲೆ ಕೆಳಗೆ ಬರುತ್ತದೆ, ಟ್ಯೂನರ್ (ಶ್ರುತಿ ತೋರಿಸುವ ಯಂತ್ರ) ಎಷ್ಟು ನೋಡಿದರೂ ಹಾಡು ಬೇಸೂರು. 10-52 ಹಾಕಿ. 24.75 ಇಂಚಿನದಾದರೆ 11-54. ದಪ್ಪ ತಂತಿ ನಟ್ಟಿನ (ಕತ್ತಿನ ತುದಿಯಲ್ಲಿ ತಂತಿ ಕೂರುವ ಪಟ್ಟಿ) ಕಚ್ಚಿನಲ್ಲಿ ಸಿಕ್ಕಿಕೊಂಡರೆ ಶ್ರುತಿಯ ಕಿವಿ ತಿರುಗಿಸುವಾಗ ‘ಟಿಕ್’ ಅಂತ ಸದ್ದು ಬರುತ್ತದೆ. ಕಚ್ಚಿಗೆ ಪೆನ್ಸಿಲ್ ಸೀಸ ತಿಕ್ಕಿ; ಆಗಲೂ ಬಂದರೆ ಕಚ್ಚು ಅಗಲ ಮಾಡಿಸಲೇಬೇಕು.

ಕತ್ತಿನ ಬಾಗು ನೋಡಲು ಗೇಜ್ ಬೇಕಿಲ್ಲ. ಆರನೇ (ಅತಿ ದಪ್ಪ) ತಂತಿಯನ್ನು ಮೊದಲ ಮನೆಯಲ್ಲೂ ಕೊನೆಯ ಮನೆಯಲ್ಲೂ ಒತ್ತಿ ಹಿಡಿದು, ಏಳು-ಎಂಟನೇ ಮನೆಯ ಹತ್ತಿರ ತಂತಿಗೂ ಫ್ರೆಟ್ಟಿಗೂ ನಡುವೆ ತೆಳು ತಂತಿಯ ತುಂಡೊಂದನ್ನು ತೂರಿಸಿ. 10ರ ತಂತಿ ಅಂದರೆ 0.25 ಮಿಲಿಮೀಟರ್. ಅದು ತಾಗಿಯೂ ತಾಗದಂತೆ ಸರಿದರೆ ಸರಿ. ಬೆಳಗಾವಿಯ ಮಳೆಗಾಲದಲ್ಲಿ ಕಟ್ಟಿಗೆ ತೇವ ಕುಡಿದು ತಂತಿ ಎತ್ತರವಾಗುತ್ತದೆ. ಅದೇ ಗಿಟಾರ್ ವಿಜಯಪುರದ ಏಪ್ರಿಲ್ ಬಿಸಿಲಿಗೆ ಒಣಗಿ ಫ್ರೆಟ್ಟಿಗೆ ಬಡಿದು ಗರ್ ಅನ್ನುತ್ತದೆ. ಕತ್ತಿನ ಬಾಗು ತಿದ್ದಲು ಒಳಗಿರುವ ಟ್ರಸ್ ರಾಡನ್ನು ಒಮ್ಮೆಗೆ ಕಾಲು ಸುತ್ತಿಗಿಂತ ಹೆಚ್ಚು ತಿರುಗಿಸಬೇಡಿ. ಕಟ್ಟಿಗೆ ಕೂರಲು ಒಂದು ರಾತ್ರಿ ಬಿಡಿ.

ಹಾರ್ಮೋನಿಯಂ ಜೊತೆಗಿದ್ದರೆ ಅದೇ ಯಜಮಾನ. ಹಳೆಯ ಪೆಟ್ಟಿಗೆಗಳು ಎಷ್ಟೋ ಸಲ 440ಕ್ಕೆ (ಎ ಸ್ವರದ ಮಾಮೂಲಿ ಕಂಪನ, ಹರ್ಟ್ಜ್‌ನಲ್ಲಿ) ಸರಿಯಾಗಿ ಇರುವುದಿಲ್ಲ, ಅದರ ರೀಡನ್ನು ವೇದಿಕೆ ಮೇಲೆ ತಿದ್ದಲೂ ಆಗದು. ಮೊದಲು ಹಾರ್ಮೋನಿಯಂನವರಿಂದ ಕಪ್ಪು ಒಂದು ಹಿಡಿಸಿ, ಟ್ಯೂನರಿನ ಮೂಲ ಅಂಕಿಯನ್ನು 438, 442 ಹೀಗೆ ಸರಿಸಿ ಮುಳ್ಳು ನಡುವೆ ನಿಂತ ಮೇಲೆ ತಂತಿ ಮುಟ್ಟಿ.

ಡಿಸ್ಟಾರ್ಶನ್ (ಗಿಟಾರಿನ ನಾದವನ್ನು ಒಡೆಸುವುದು) ಹಾಕಿದಾಗ ಗಿಟಾರಿನಲ್ಲಿ ಗಾಂಧಾರ (ಗ) ಬಾರಿಸಬೇಡಿ. ಸಾ-ಪಾ ಎಷ್ಟು ಒಡೆದರೂ ತಿಳಿಯಾಗಿರುತ್ತದೆ, ಗಾಂಧಾರ ಸೇರಿದರೆ ಕೆಸರು. ಇನ್ನೂ ಒಂದು ಕಾರಣ ಉಂಟು: ನಮ್ಮ ತತ್ವಪದಗಳ ಎಷ್ಟೋ ಧಾಟಿ ಭೀಮಪಲಾಸ ರಾಗದ ಕಡೆ ವಾಲುತ್ತವೆ, ಅಲ್ಲಿ ಗಾಂಧಾರ ಕೋಮಲ. ಕೆಳಗೆ ಶುದ್ಧ ಗಾಂಧಾರದ ಮೇಜರ್ ಕಾರ್ಡ್ ಇದ್ದರೆ ಹಾಡುವವನಿಗೂ ಗಿಟಾರಿಗೂ ಜಗಳ. ದಪ್ಪ ಮೂರು ತಂತಿಯನ್ನು ಒಂದೇ ಬೆರಳಿನಲ್ಲಿ ಐದನೇ ಮನೆಗೆ ಒತ್ತಿದರೆ ಮಧ್ಯಮ, ಏಳಕ್ಕೆ ಪಂಚಮ. ಗಾಂಧಾರ ಯಾವುದೆಂದು ದನಿಯೇ ಹೇಳಲಿ.

ಮಾತು ಕೂರಿಸುವಾಗ ಹ್ರಸ್ವವನ್ನು ಎಳೆಯಬೇಡಿ. ‘ಕುಡಿ’ ಎಳೆದರೆ ‘ಕೂಡಿ’, ‘ಬಿಡು’ ಎಳೆದರೆ ‘ಬೀಡು’. ಎಳೆಯುವ ಜಾಗಕ್ಕೆ ಬಾರೋ, ನೋಡಾ ತರಹದ ದೀರ್ಘ ಬರುವಂತೆ ಸಾಲು ತಿರುಗಿಸಿ ಬರೆಯುತ್ತೇನೆ. ಓಡುವ ಚರಣಕ್ಕೆ ನಮ್ಮ ಆಡುಮಾತೇ ಚಲೋ. ‘ಏನ್ ಮಾಡೂದ್ಲೆ’ ಅನ್ನುವುದು ಡ್ರಮ್ಮಿನ ಮೇಲೆ ತಾನಾಗಿ ಕೂಡುತ್ತದೆ. ‘ಏನು ಮಾಡುವುದು’ ಕುಂಟುತ್ತದೆ.

ಇನ್ನು ಕರೆಂಟು. ಜಾತ್ರೆ, ಗಣಪತಿ ಪೆಂಡಾಲುಗಳಲ್ಲಿ ಕೈ ತಂತಿ ಮೇಲಿದ್ದು ತುಟಿ ಮೈಕಿಗೆ ತಾಗಿದಾಗ ಶಾಕ್ ಹೊಡೆಯುವುದು ಉಂಟು. ಗಿಟಾರಿನ ತಂತಿಗಳು ಆಂಪಿನ (ಗಿಟಾರಿನ ಸದ್ದು ಹೆಚ್ಚಿಸುವ ಪೆಟ್ಟಿಗೆ) ಚಾಸಿಗೆ, ಅಂದರೆ ಲೋಹದ ಮೈಗೆ, ಜೋಡಿಸಿರುತ್ತವೆ, ಮೈಕಿನ ಜಾಳಿಗೆ ಮಿಕ್ಸರಿನದಕ್ಕೆ. ಎರಡೂ ಬೇರೆ ಬೇರೆ ಬೋರ್ಡಿನಿಂದ ಬಂದು, ಒಂದಕ್ಕೆ ಅರ್ಥಿಂಗ್ ಸಿಗದಿದ್ದರೆ ನಡುವಿನ ಸೇತುವೆ ನೀವೇ. ಮಲ್ಟಿಮೀಟರನ್ನು ಎಸಿಗೆ ಇಟ್ಟು ಒಂದು ಮುಳ್ಳು ತಂತಿಗೆ, ಇನ್ನೊಂದು ಜಾಳಿಗೆಗೆ ಹಿಡಿಯಿರಿ. ಒಂದೆರಡು ವೋಲ್ಟ್ ದಾಟಿದರೆ ಹಾಡಬೇಡಿ. ಆಂಪು, ಪೆಡಲ್, ಮಿಕ್ಸರ್ ಎಲ್ಲವನ್ನೂ ಒಂದೇ ಬೋರ್ಡಿಗೆ ತಂದು ಮತ್ತೆ ಅಳೆಯಿರಿ. ‘ಹಮ್’ ಹೋಗುತ್ತದೆಂದು ಪ್ಲಗ್ಗಿನ ಮೂರನೇ ಪಿನ್ ಮುರಿಯುವವರಿದ್ದಾರೆ. ಅದು ಪ್ರಾಣದ ಜೊತೆ ಆಟ. ಬೇಸಿಗೆಯಲ್ಲಿ ಎರಿ ಮಣ್ಣು ಬಿರಿದು ಅರ್ಥ್ ರಾಡಿಗೆ ಹಿಡಿತವೇ ಇರುವುದಿಲ್ಲ. ಜನರೇಟರಿನವರಿಗೆ ಹೇಳಿ ರಾಡಿನ ಬುಡಕ್ಕೆ ಮಧ್ಯಾಹ್ನವೇ ನೀರು ಹೊಯ್ಯಿಸಿ.

ಮಾನಿಟರನ್ನು (ಹಾಡುವವರಿಗೆ ತಮ್ಮದೇ ದನಿ ಕೇಳಿಸುವ ಸ್ಪೀಕರ್) ಮೈಕಿನ ಬೆನ್ನಿಗೆ ನೇರವಾಗಿ ಇಡಿಸಿ. ಕಾರ್ಡಿಯಾಯ್ಡ್ ಮೈಕು (ಮುಂದಿನ ಸದ್ದನ್ನೇ ಹೆಚ್ಚಾಗಿ ಹಿಡಿಯುವಂಥದ್ದು) ಅಲ್ಲಿಂದ ಕಡಿಮೆ ಕೇಳುತ್ತದೆ. ಜಾಳಿಗೆಯನ್ನು ಮುಷ್ಟಿಯಲ್ಲಿ ಮುಚ್ಚಿ ಹಿಡಿದರೆ ಆ ಗುಣ ಹೋಗಿ ಸೀಟಿ ಹೊಡೆಯುತ್ತದೆ. ಆಂಪಿನ ಗೇನ್ (ನಾದ ಎಷ್ಟು ಒಡೆಯಬೇಕೆಂದು ಹೇಳುವ ಗುಂಡಿ) ಮನೆಯ ಅಭ್ಯಾಸದಲ್ಲಿ ಇಟ್ಟದ್ದಕ್ಕಿಂತ ಕಾಲುಭಾಗ ಕಡಿಮೆ ಇಡಿ.

ರಾತ್ರಿ 10ರ ಮೇಲೆ ಬಯಲಲ್ಲಿ ಧ್ವನಿವರ್ಧಕಕ್ಕೆ ನಿಷೇಧವಿದೆ, ಹಬ್ಬದ ಕೆಲವು ದಿನಗಳ ವಿನಾಯಿತಿ ಬಿಟ್ಟರೆ. ಹಾಗಾಗಿ ಕಾರ್ಯಕ್ರಮ ತಡವಾಗಿ ಶುರುವಾದರೆ ಭಾರದ ಹಾಡುಗಳನ್ನೇ ಮೊದಲು ಹಾಡಿಬಿಡುತ್ತೇನೆ. ಮೆಲ್ಲಗಿನದನ್ನು ಮೈಕು ಬಂದಾದ ಮೇಲೂ ಹಾಡಬಹುದು.