ಥ್ರಿಲ್ಲರ್ ನೋಡುವ ಮುಂಚೆ ಫ್ಯಾನ್ ಆಫ್ ಮಾಡಿ

ಧಾರವಾಡದಲ್ಲಿ ನಮ್ಮದು ಮೈಕ್‌ಸೆಟ್ ಅಂಗಡಿ. ಮದುವೆ, ಗಣೇಶನ ಹಬ್ಬ, ಭಾಷಣ, ಎಲ್ಲಕ್ಕೂ ಸ್ಪೀಕರ್ ಬಾಡಿಗೆ ಕೊಡುತ್ತೇವೆ. ಹಾಗಾಗಿ ಸಿನಿಮಾ ಕೂಡ ನಾನು ಮೊದಲು ಕಿವಿಯಿಂದಲೇ ನೋಡುವವನು.

ಹೋದ ವರ್ಷ ತಂಗಿ ಮಗ ಪೆನ್‌ಡ್ರೈವ್ ಹಿಡಿದು ಬಂದ. “ಮಾಮಾ, ಹೊಸಾ ಸೈಕಲಾಜಿಕಲ್ ಥ್ರಿಲ್ಲರ್. ಪ್ರಿಂಟ್ ಭಾರಿ ಐತಿ” ಅಂದ. ಸುಳ್ಳೇಕೆ ಹೇಳಲಿ, ನಾನೂ ಆಸೆಗೆ ಬಿದ್ದೆ. ಗಿರ್ಮಿಟ್, ಮಿರ್ಚಿ ತರಿಸಿ ಕೂತೆವು. ಥಿಯೇಟರಿನಲ್ಲಿ ಯಾರೋ ಮೊಬೈಲಿನಲ್ಲಿ ಕದ್ದು ಹಿಡಿದ ಕಾಪಿ ಅದು. ನಾಯಕಿ ರಾತ್ರಿ ಮನೆಯಲ್ಲಿ ಒಬ್ಬಳೇ. ಏನೋ ಕೇಳಿ ಬೆಚ್ಚುತ್ತಾಳೆ. ನಮಗೆ ಕೇಳಿದ್ದು ಮಾತ್ರ ಯಾರದೋ ಕೆಮ್ಮು. ಸ್ವಲ್ಪ ಹೊತ್ತಿಗೆ ಪರದೆ ಪೂರ್ತಿ ಕಪ್ಪಾಯಿತು. ಡೈರೆಕ್ಟರ್ ತಲೆ ಓಡಿಸಿದ್ದಾನೆ ಅಂತ ಅಳಿಯ ಉಸಿರು ಬಿಗಿಹಿಡಿದು ಕೂತ. ನನಗೆ ಸರಸರ ಸದ್ದು ಕೇಳಿತು. ಮೈಕಿಗೆ ಬಟ್ಟೆ ಉಜ್ಜುವ ಸದ್ದು! ಟಾರ್ಚಿನವನು ಬಂದಿರಬೇಕು, ಪುಣ್ಯಾತ್ಮ ಮೊಬೈಲನ್ನು ಕಿಸೆಗೆ ಹಾಕಿಕೊಂಡಿದ್ದ.

ಈ ಜಾತಿಯ ಸಿನಿಮಾದಲ್ಲಿ ಸುಳಿವು ಇಡುವುದೇ ಕತ್ತಲಲ್ಲಿ, ಇಲ್ಲಾ ಮೌನದಲ್ಲಿ. ಕದ್ದ ಕಾಪಿಯಲ್ಲಿ ಮೊದಲು ಹಾಳಾಗುವುದು ಅವೆರಡೇ. ಮೊಬೈಲಿನ ಮೈಕ್ ಸದ್ದು ಕಡಿಮೆಯಾದ ಕೂಡಲೇ ತಾನೇ ವಾಲ್ಯೂಮ್ ಏರಿಸಿಕೊಳ್ಳುತ್ತದೆ. ಮೌನ ಇದ್ದಲ್ಲೆಲ್ಲ ಏಸಿಯ ಗುಂಯ್, ಚಿಪ್ಸ್ ಪಾಕೀಟಿನ ಚರಪರ. ಎಡ, ಬಲ, ಹಿಂದೆ ಅಂತ ಹಂಚಿಟ್ಟ ಸದ್ದೆಲ್ಲ ಒಂದೇ ಮುದ್ದೆ. ಫೈಲ್ ಸಣ್ಣದು ಮಾಡಲು ಹೋದಾಗ ಕಪ್ಪು ಜಾಗ ಚೌಕ ಚೌಕ ಆಗುತ್ತದೆ, ಮೂಲೆಯಲ್ಲಿ ನಿಂತ ಮನುಷ್ಯನೇ ಮಾಯ. ಪವನ್ ಕುಮಾರ್ ಅವರ 2013ರ ‘ಲೂಸಿಯಾ’ದಲ್ಲಿ ಒಂದು ಬದುಕು ಬಣ್ಣದಲ್ಲಿದೆ, ಇನ್ನೊಂದು ಕಪ್ಪು-ಬಿಳುಪಿನಲ್ಲಿ. ಬಣ್ಣವೇ ಕಥೆ ಹೇಳುವಾಗ ಮಾಸಿದ ಪ್ರಿಂಟಿನಲ್ಲಿ ಏನು ತಿಳಿಯಬೇಕು? ಇನ್ನು ಸಿನಿಮಾ ಅಂತ ಬರುವ ಎಪಿಕೆ ಫೈಲನ್ನಂತೂ ಮುಟ್ಟಲೇಬೇಡಿ, ಅದು ಸಿನಿಮಾ ಅಲ್ಲ, ಮೊಬೈಲಿಗೆ ಆ್ಯಪ್ ಹಾಕುವ ಫೈಲ್. ಥಿಯೇಟರಿನಲ್ಲಿ ಕದ್ದು ಹಿಡಿದವರಿಗೆ ಸಿನಿಮಾಟೋಗ್ರಾಫ್ ಕಾಯ್ದೆಯ 2023ರ ತಿದ್ದುಪಡಿ ಪ್ರಕಾರ ಕನಿಷ್ಠ 3 ತಿಂಗಳು ಜೈಲು, 3 ಲಕ್ಷ ರೂಪಾಯಿ ದಂಡ.

ಥಿಯೇಟರಿಗೆ ಹೋದರೆ ಪರದೆಯಿಂದ ಮೂರರಲ್ಲಿ ಎರಡು ಪಾಲು ಹಿಂದೆ, ನಡುವಿನ ಸೀಟು ಹಿಡಿಯಿರಿ. ಕೊನೇ ಸಾಲು ಬೇಡ, ಹಿಂದಿನ ಸ್ಪೀಕರ್ ಕಿವಿಗೆ ಬಡಿಯುತ್ತದೆ. ನಾನು ವಾರದ ನಡುವೆ ಹುಬ್ಬಳ್ಳಿಗೆ ಬೆಳಗಿನ ಶೋಗೆ ಹೋಗುತ್ತೇನೆ. ಗದ್ದಲ ಕಡಿಮೆ, ಚಿಗರಿ ಬಸ್ಸಿನಲ್ಲೂ ಸೀಟ್ ಸಿಕ್ಕೀತು. ತಡವಾಗಿ ಮಾತ್ರ ಹೋಗಬೇಡಿ. 1960ರಲ್ಲಿ ‘ಸೈಕೋ’ ಶುರುವಾದ ಮೇಲೆ ಯಾರನ್ನೂ ಒಳಗೆ ಬಿಡಬಾರದು ಅಂತ ಅದರ ಡೈರೆಕ್ಟರ್ ಹಿಚ್‌ಕಾಕ್ ಥಿಯೇಟರಿನವರಿಗೆ ತಾಕೀತು ಮಾಡಿದ್ದರು.

ಮನೆಯಲ್ಲಾದರೆ ಒಟಿಟಿಗೆ ಬರುವವರೆಗೆ ಕಾಯಿರಿ. ಟ್ಯೂಬ್‌ಲೈಟ್ ಆರಿಸಿ, ಟಿವಿ ಹಿಂದೆ ಸಣ್ಣ ಬಲ್ಬ್ ಇರಲಿ. ಪಿಕ್ಚರ್ ಮೋಡ್ ‘ವಿವಿಡ್’ ಇದ್ದರೆ ‘ಸಿನಿಮಾ’ಗೆ ಹಾಕಿ. ಫ್ಯಾನ್ ಆಫ್. ಬೇಸಿಗೆಯಲ್ಲಿ ಇದು ಆಗದ ಮಾತು, ಅದಕ್ಕೇ ಇಂಥ ಪಿಚ್ಚರುಗಳನ್ನು ಚಳಿಗಾಲಕ್ಕೆ ಎತ್ತಿಡುತ್ತೇನೆ. ಇಯರ್‌ಫೋನ್ ಆದರೆ ಎಡದ್ದನ್ನು ಎಡಕ್ಕೇ ಹಾಕಿ. ನಗಬೇಡಿ, ಅದಲುಬದಲು ಹಾಕಿಕೊಂಡವರನ್ನು ದಿನಾ ನೋಡುತ್ತೇನೆ. ಫ್ಯಾಮಿಲಿ ಗ್ರೂಪ್ ಮ್ಯೂಟ್ ಮಾಡಿ. ಕೊಲೆಗಾರ ಯಾರು ಅಂತ ಮೊದಲು ಗೊತ್ತಾಗುವುದು ಅಲ್ಲೇ ಅಲ್ವಾ?

ಡಿಸೆಂಬರಿನಲ್ಲಿ ಅದೇ ಪಿಚ್ಚರನ್ನು ಒಟಿಟಿಯಲ್ಲಿ ಮತ್ತೆ ನೋಡಿದೆವು, ಅಂಗಡಿಯ ಎರಡು ಸ್ಪೀಕರ್ ಹಚ್ಚಿ. ಅದೇ ಸೀನ್ ಬಂತು. ಮೆಲ್ಲಗೆ ಹೆಜ್ಜೆ ಸದ್ದು ಎಡದಿಂದ ಬಲಕ್ಕೆ ಸರಿಯಿತು. ಬಲಕ್ಕೆ ನಮ್ಮ ಅಡುಗೆಮನೆ. ಅಳಿಯ ಎದ್ದು ಹೋಗಿ ಲೈಟ್ ಹಚ್ಚಿ ಬಂದ.